ಫಾತಿಮಾ: ಒಂದು ಹೆಸರು, ಒಬ್ಬ ತಾಯಿ
(ಮೇ 13, ಫಾತಿಮಾ ಮಾತೆಯ ಹಬ್ಬದ ಚಿಂತನೆ)



ನಮ್ಮ ಧರ್ಮಕೇಂದ್ರಗಳಲ್ಲಿ ಫಾತಿಮಾ ಎಂಬ ಹೆಸರಿನ ಅಜ್ಜಿಯರಿದ್ದಾರೆ, ತಾಯಂದಿರಿದ್ದಾರೆ. ಅಜ್ಜಿಯ ಹೆಸರನ್ನು ಮೊಮ್ಮಗಳಿಗೆ ಇಡಬೇಕೆಂಬುದು ಹಿರಿಯರ ಆಸೆ. ಆದರೆ ದೀಕ್ಷಾಸ್ನಾನಕ್ಕೆ ಹೆಸರು ಬರೆಸಲು ಬಂದಾಗ ಮಗುವಿನ ತಂದೆ ಹಿಂಜರಿಯುತ್ತಾರೆ. "ಫಾದರ್, ಶಾಲೆಯಲ್ಲಿ 'ನೀವು ಮುಸಲ್ಮಾನರೇ?' ಎಂದು ಕೇಳುತ್ತಾರೆ. ಈ ಹೆಸರು ನಿಜವಾಗಿ ನಮ್ಮದೇ?" ಈ ಪ್ರಶ್ನೆಯನ್ನು ನಾವು ನಕ್ಕು ತಳ್ಳಿಹಾಕುವಂತಿಲ್ಲ. ಅದರ ಹಿಂದೆ ಮಗುವಿನ ಬಗ್ಗೆ ಕಾಳಜಿಯಿದೆ.

ಫಾತಿಮಾ ಅರಬ್ಬೀ ಭಾಷೆಯ ಹೆಸರು. ಮಗುವಿಗೆ ಹಾಲು ಬಿಡಿಸುವುದು ಎಂಬ ಅರ್ಥದ ಧಾತುವಿನಿಂದ ಅದು ಬಂದಿದೆ. ಫಾತಿಮಾ ಎಂದರೆ ಹಾಲು ಬಿಡಿಸುವವಳು. ಪ್ರವಾದಿ ಮುಹಮ್ಮದರ ಮಗಳ ಹೆಸರು ಇದೇ. ಅವರು ಅಲಿಯವರ ಪತ್ನಿ, ಹಸನ್ ಮತ್ತು ಹುಸೇನರ ತಾಯಿ. ತಂದೆ ತೀರಿಕೊಂಡ 632ರಲ್ಲೇ ತಾವೂ ತೀರಿಕೊಂಡರು. 969ರಲ್ಲಿ ಕೈರೋ ನಗರವನ್ನು ಕಟ್ಟಿದ ಫಾತಿಮೀ ರಾಜವಂಶಕ್ಕೂ ಅವರದೇ ಹೆಸರು.

ಈ ಹೆಸರು ಕಥೋಲಿಕ ಮನೆಗೆ ಬಂದದ್ದು ಪೋರ್ಚುಗಲ್ಲಿನ ದಾರಿಯಿಂದ. 711ರಿಂದ ಮೂರರ್ ಎಂದು ಕರೆಯಲಾಗುತ್ತಿದ್ದ ಮುಸಲ್ಮಾನರು ಆ ನಾಡಿನ ಬಹುಭಾಗವನ್ನು ಆಳಿದರು. 1147ರಲ್ಲಿ ದೊರೆ ಅಫೊನ್ಸೊ ಹೆನ್ರಿಕೆಸ್ ಲಿಸ್ಬನ್ ನಗರವನ್ನು ಗೆದ್ದನು. ಆಳ್ವಿಕೆ ಹೋದರೂ ಅರಬ್ಬೀ ಹೆಸರುಗಳು ಊರುಗಳಲ್ಲಿ ಉಳಿದವು. ಫಾತಿಮಾ ಅಂಥದೊಂದು ಊರು. ಸೆರೆಸಿಕ್ಕ ಮೂರರ ರಾಜಕುಮಾರಿ ಫಾತಿಮಾ ಕ್ರೈಸ್ತಳಾಗಿ ಒಬ್ಬ ವೀರನನ್ನು ಮದುವೆಯಾದಳು, ಅವಳಿಂದಲೇ ಊರಿಗೆ ಈ ಹೆಸರು ಬಂತು ಎಂಬ ಐತಿಹ್ಯ ಅಲ್ಲಿದೆ. 1917ರ ಮೇ 13ರಂದು ಮಾತೆ ಮರಿಯಮ್ಮನವರು ಕುರಿ ಕಾಯುವ ಮಕ್ಕಳಿಗೆ ದರ್ಶನವಿತ್ತದ್ದು ಈ ಊರಿನಲ್ಲಿಯೇ. ಅರಬ್ಬೀ ಹೆಸರಿನ ಊರಿನಿಂದ ಕರೆಸಿಕೊಳ್ಳಲು ಆ ತಾಯಿ ಸಂಕೋಚಪಡಲಿಲ್ಲ.

ಹೆಸರಿನ ಅರ್ಥವಾದರೋ ನಮ್ಮ ಶ್ರೀಗ್ರಂಥದ ತುಂಬ ಇದೆ. ಇಸಾಕನಿಗೆ ಹಾಲು ಬಿಡಿಸಿದ ದಿನ ಅಬ್ರಹಾಮನು ದೊಡ್ಡ ಔತಣ ಮಾಡಿಸಿದನು. ಹನ್ನಳು ಸಮುವೇಲನಿಗೆ ಹಾಲು ಬಿಡಿಸಿದ ಮೇಲೆ, ಹರಕೆಯಂತೆ ಅವನನ್ನು ಶಿಲೋವಿನ ದೇವಾಲಯಕ್ಕೆ ಒಪ್ಪಿಸಿದಳು. 131ನೇ ಕೀರ್ತನೆ ಪ್ರಶಾಂತವಾದ ಆತ್ಮವನ್ನು ಹಾಲು ಬಿಟ್ಟ ಕೂಸಿಗೆ ಹೋಲಿಸುತ್ತದೆ.

ನಮ್ಮ ತಾಯಂದಿರಿಗೆ ಇದನ್ನು ವಿವರಿಸಬೇಕಾಗಿಲ್ಲ. ಹಾಲು ಬಿಡಿಸಲು ಎದೆಗೆ ಬೇವು ಹಚ್ಚಿಕೊಂಡವರು ಅವರು. ಮಗು ಅತ್ತಾಗ ಅದಕ್ಕಿಂತ ಹೆಚ್ಚು ಅತ್ತವಳು ತಾಯಿ. ಆದರೂ ಮಗು ಬೆಳೆಯಲೆಂದು ತಾಳಿಕೊಂಡಳು. ಕೆಲವು ದಿನಗಳ ನಂತರ ಅದೇ ಮಗು ಮತ್ತೆ ಮಡಿಲೇರುತ್ತದೆ. ಆಗ ಅದಕ್ಕೆ ಬೇಕಾದದ್ದು ಹಾಲಲ್ಲ, ಅಮ್ಮ.

ಫಾತಿಮಾದ ಮಕ್ಕಳು ಇದನ್ನು ಬೇಗ ಕಲಿತರು. ಪುಟ್ಟ ಫ್ರಾನ್ಸಿಸ್ಕೊ 1919ರಲ್ಲಿ ಕಾಯಿಲೆಯಿಂದ ತೀರಿಕೊಂಡ. ಅವನ ತಂಗಿ ಜಸಿಂತಾ 1920ರ ಫೆಬ್ರವರಿ 20ರಂದು, ತನ್ನ 9ನೆಯ ವಯಸ್ಸಿನಲ್ಲಿ, ಲಿಸ್ಬನ್ನಿನ ಆಸ್ಪತ್ರೆಯಲ್ಲಿ ಪ್ರಾಣಬಿಟ್ಟಳು. ಆ ರಾತ್ರಿ ಹೆತ್ತವರು ಯಾರೂ ಹತ್ತಿರವಿರಲಿಲ್ಲ. ಆ ನೋವನ್ನು ಪಾಪಿಗಳಿಗಾಗಿ ಒಪ್ಪಿಸಿದ ಈ ಅಣ್ಣ-ತಂಗಿಯರನ್ನು 2017ರ ಮೇ 13ರಂದು ಪೋಪ್ ಫ್ರಾನ್ಸಿಸರು ಸಂತರೆಂದು ಸಾರಿದರು. ಇವರೆಲ್ಲರಿಗಿಂತ ಮೊದಲು, ಶಿಲುಬೆಯ ಕೆಳಗೆ ನಿಂತು ಮಗನನ್ನು ತಂದೆಯ ಚಿತ್ತಕ್ಕೆ ಬಿಟ್ಟುಕೊಟ್ಟವರು ಮರಿಯಮ್ಮನವರೇ. ಮಕ್ಕಳನ್ನು ದೂರದ ಊರಿಗೆ ಓದಲು, ದುಡಿಯಲು ಕಳುಹಿಸಿ ಜಪಸರ ಹಿಡಿದು ಕೂತ ನಮ್ಮ ತಂದೆತಾಯಂದಿರಿಗೆ ಆಕೆ ಹತ್ತಿರದವರು.

ಇನ್ನು ಆ ತಂದೆಯ ಪ್ರಶ್ನೆಗೆ ಉತ್ತರ. ಕ್ರೈಸ್ತ ಭಾವನೆಗೆ ಹೊರತಾದ ಹೆಸರನ್ನು ಮಗುವಿಗೆ ಇಡದಂತೆ ತಂದೆತಾಯಿಗಳೂ ಗುರುಗಳೂ ಎಚ್ಚರ ವಹಿಸಬೇಕೆಂದು ಧರ್ಮಸಭೆಯ ಕಾನೂನು (855) ಹೇಳುತ್ತದೆ. ಫಾತಿಮಾ ಅಂಥ ಹೆಸರಲ್ಲ. ಅದು ನಮ್ಮದೂ ಹೌದು. ನೆರೆಯವರದೂ ಹೌದು ಎಂಬುದು ಅದರ ಕೊರತೆಯಲ್ಲ. ಕುರಾನಿನ 19ನೇ ಅಧ್ಯಾಯಕ್ಕೆ ಮರ್ಯಮ್ ಎಂದೇ ಹೆಸರು. ಮುಸಲ್ಮಾನರು ಯೇಸುವಿನ ಕನ್ಯಾಮಾತೆಯನ್ನು ಗೌರವಿಸುತ್ತಾರೆಂದು ಎರಡನೇ ವ್ಯಾಟಿಕನ್ ಮಹಾಸಭೆ 1965ರಲ್ಲಿ ಸ್ಮರಿಸಿ, ಹಿಂದಿನ ಜಗಳಗಳನ್ನು ಮರೆಯಲು ಕರೆಕೊಟ್ಟಿತು. 1981ರ ಮೇ 13ರಂದು ಗುಂಡೇಟು ತಿಂದ ಪೋಪ್ ಎರಡನೇ ಜಾನ್ ಪೌಲರು, ಗುಂಡು ಹೊಡೆದ ತುರ್ಕಿಯ ಯುವಕನನ್ನು 1983ರಲ್ಲಿ ಸೆರೆಮನೆಗೇ ಹೋಗಿ ಕಂಡರು. ತಮ್ಮ ದೇಹ ಹೊಕ್ಕ ಗುಂಡು ಇಂದು ಫಾತಿಮಾ ಮಾತೆಯ ಕಿರೀಟದಲ್ಲಿದೆ.

ಆದ್ದರಿಂದ ಯಾರಾದರೂ ಕೇಳಿದರೆ ಮಗು ಧೈರ್ಯವಾಗಿ ಹೇಳಲಿ: "ಇದು ನಮ್ಮ ಅಜ್ಜಿಯ ಹೆಸರು, ಮರಿಯಮ್ಮನವರ ಹೆಸರು, ಪಕ್ಕದ ಮನೆಯ ಅಕ್ಕನ ಹೆಸರೂ ಹೌದು."

ಫಾತಿಮಾ ಮಾತೆಯೇ, ಬೇಡಿಕೆಗಳಿಗಾಗಿ ಮಾತ್ರ ನಿಮ್ಮ ಬಳಿ ಬರುವ ಅಭ್ಯಾಸದಿಂದ ನಮ್ಮನ್ನು ಬಿಡಿಸಿರಿ. ನೆರೆಯವರ ಬಗೆಗಿನ ಭಯದಿಂದ ಬಿಡಿಸಿರಿ. ಹಾಲು ಬಿಟ್ಟ ಕೂಸಿನಂತೆ ನಿಮ್ಮ ಮಗನ ಸನ್ನಿಧಿಯಲ್ಲಿ ನಾವು ನೆಮ್ಮದಿಯಾಗಿರುವಂತೆ ನಮಗಾಗಿ ಪ್ರಾರ್ಥಿಸಿರಿ. ಆಮೆನ್.