ಕಾಲವನ್ನು ಮಣಿಸುವ ಮಣಿ, ಅದನ್ನು ಅಗೆದ ಕೈಗಳು

ಆ ಲೋಕದಲ್ಲಿ ಆಕಾಶದಿಂದ ಬೂದಿ ಉದುರುತ್ತದೆ. ಸೂರ್ಯ ಕೆಂಪಗಿದ್ದಾನೆ, ಗಿಡಮರಗಳು ಕಂದು ಬಣ್ಣಕ್ಕೆ ತಿರುಗಿವೆ, ರಾತ್ರಿಯಾದರೆ ಮಂಜು ಊರನ್ನೆಲ್ಲ ಮುಚ್ಚುತ್ತದೆ. ಅಲ್ಲಿನ ಕೆಲವರಿಗೆ ಲೋಹದ ಪುಡಿಯನ್ನು ನುಂಗಿ ಹೊಟ್ಟೆಯೊಳಗೇ ಅದನ್ನು ‘ಉರಿಸುವ’ ವಿದ್ಯೆ ಸಿದ್ಧಿಸಿದೆ. ಕಬ್ಬಿಣ ಉರಿಸಿದವರು ಸುತ್ತಲಿನ ಲೋಹವನ್ನು ತಮ್ಮತ್ತ ಸೆಳೆಯಬಲ್ಲರು, ಉಕ್ಕು ಉರಿಸಿದವರು ದೂರ ತಳ್ಳಬಲ್ಲರು, ತವರ ಉರಿಸಿದವರ ಕಣ್ಣು ಕಿವಿಗಳು ಚುರುಕಾಗುತ್ತವೆ. ಈ ಲೋಹಗಳೆಲ್ಲ ನಮಗೂ ಗೊತ್ತಿರುವಂಥವು. ನಮ್ಮ ಯಾವ ರಸಾಯನಶಾಸ್ತ್ರದ ಪುಸ್ತಕದಲ್ಲೂ ಸಿಗದ, ಎಲ್ಲಕ್ಕಿಂತ ದುಬಾರಿಯಾದ ಇನ್ನೊಂದು ಲೋಹವಿದೆ. ಅದರ ಹೆಸರು ಏಟಿಯಮ್.

ಅಮೆರಿಕದ ಲೇಖಕ ಬ್ರಾಂಡನ್ ಸ್ಯಾಂಡರ್ಸನ್ ಅವರ ‘ಮಿಸ್ಟ್‌ಬಾರ್ನ್’ ಕಾದಂಬರಿ ತ್ರಿವಳಿ 2006, 2007 ಮತ್ತು 2008ರಲ್ಲಿ ಹೊರಬಂತು. ಅದರ ಕಥೆಯ ಗುಟ್ಟುಗಳು ಮುಂದೆ ಬರುತ್ತವೆ. ಮೊದಲ ಓದಿನ ಕುತೂಹಲ ಉಳಿಸಿಕೊಳ್ಳಬೇಕೆನ್ನುವವರು ಕಾದಂಬರಿ ಮುಗಿಸಿ ಇಲ್ಲಿಗೆ ಬರುವುದು ಒಳ್ಳೆಯದು.

ಏಟಿಯಮ್ ಉರಿಸಿದವರಿಗೆ ಎದುರಾಳಿಯ ಮುಂದಿನ ನಡೆ ನೆರಳಿನಂತೆ ಮೊದಲೇ ಕಾಣುತ್ತದೆ. ಕತ್ತಿ ಬೀಸುವ ಮುನ್ನವೇ ಕತ್ತಿಯ ಛಾಯೆ ಗಾಳಿಯಲ್ಲಿ ಹಾದುಹೋಗುತ್ತದೆ. ಹೊಡೆತ ಎಲ್ಲಿ ಬೀಳುತ್ತದೆಂದು ತಿಳಿದವರನ್ನು ಸೋಲಿಸುವುದು ಹೆಚ್ಚುಕಡಿಮೆ ಅಸಾಧ್ಯ. ಆದರೆ ಕಾಣುವುದು ಕೆಲವೇ ಕ್ಷಣಗಳ ಭವಿಷ್ಯ, ಮಣಿಯೂ ಬೇಗನೆ ಉರಿದು ಮುಗಿಯುತ್ತದೆ. ಹೋರಾಟಕ್ಕಿಳಿದ ಇಬ್ಬರೂ ಏಟಿಯಮ್ ಉರಿಸಿದರಂತೂ ಒಬ್ಬೊಬ್ಬರಿಂದ ಹತ್ತಾರು ನೆರಳುಗಳು ಹೊರಟು ಯಾರಿಗೂ ಏನೂ ತಿಳಿಯದಂತಾಗುತ್ತದೆ. ಮಾಂತ್ರಿಕ ಶಕ್ತಿಗಿಂತ ಅದರ ಮಿತಿಯೇ ಕಥೆಯನ್ನು ಬೆಳೆಸುತ್ತದೆ ಎಂಬುದು ಸ್ಯಾಂಡರ್ಸನ್ ತಮ್ಮ ಪ್ರಬಂಧಗಳಲ್ಲಿ ಪ್ರತಿಪಾದಿಸಿದ ನಿಯಮಗಳಲ್ಲೊಂದು. ಆ ನಿಯಮಕ್ಕೆ ಏಟಿಯಮ್‌ಗಿಂತ ಒಳ್ಳೆಯ ಉದಾಹರಣೆ ನನಗೆ ಸಿಕ್ಕಿಲ್ಲ. ಅದರ ಅತಿ ದೊಡ್ಡ ಮಿತಿ ಇರುವುದು ಮಾತ್ರ ಅದು ಹುಟ್ಟುವ ಜಾಗದಲ್ಲಿ.

ಹ್ಯಾತ್ಸಿನ್‌ನ ಬಿರುಕುಗಳಲ್ಲಿ

ಏಟಿಯಮ್ ಸಿಗುವುದು ಹ್ಯಾತ್ಸಿನ್ ಎಂಬಲ್ಲಿನ ಗಣಿಯಲ್ಲಿ ಮಾತ್ರ. ನೆಲದಾಳದ ಕಿರುಬಿರುಕುಗಳಲ್ಲಿ ಹರಳುಗಳು ಬೆಳೆಯುತ್ತವೆ. ಅವುಗಳ ನಡುವೆ ಅಡಗಿದ ಪುಟ್ಟ ಗಂಟುಗಲ್ಲನ್ನು ಒಡೆದರೆ ಒಳಗೆ ಒಂದು ಮಣಿ. ಕೈದಿಗಳು ಆ ಬಿರುಕುಗಳಿಗೆ ತೋಳು ತೂರಿಸಿ ಹುಡುಕಬೇಕು, ಚೂಪಾದ ಹರಳುಗಳು ತೋಳನ್ನು ಸೀಳುತ್ತವೆ. ವಾರಕ್ಕೊಂದು ಗಂಟುಗಲ್ಲು ತಂದವರಿಗೆ ಇನ್ನೊಂದು ವಾರದ ಬದುಕು. ತರದವರನ್ನು ಹೊಡೆದು ಕೊಲ್ಲಲಾಗುತ್ತದೆ.

ಕಥಾನಾಯಕ ಕೆಲ್ಸಿಯರ್ ಮತ್ತು ಅವನ ಹೆಂಡತಿ ಮೇರ್ ಈ ಗಣಿಯಲ್ಲಿ ಬಂದಿಗಳಾಗಿದ್ದರು. ಒಂದು ವಾರ ಕೆಲ್ಸಿಯರ್‌ಗೆ ಏನೂ ಸಿಗಲಿಲ್ಲ. ತಾನು ಹುಡುಕಿದ್ದನ್ನು ಮೇರ್ ಅವನಿಗೆ ಕೊಟ್ಟಳು, ಅವನ ಬದಲು ತಾನು ಏಟು ತಿಂದು ಸತ್ತಳು. ಅಲ್ಲಿಂದ ಜೀವಸಹಿತ ಹೊರಬಂದವನು ಕೆಲ್ಸಿಯರ್ ಒಬ್ಬನೇ. ಅವನ ತೋಳಿನ ಗಾಯದ ಗೆರೆಗಳೇ ಮುಂದೆ ಬಂಡಾಯದ ಗುರುತಾಗುತ್ತವೆ.

ಈ ಭಾಗ ಓದಿದ ಮೇಲೆ ಏಟಿಯಮ್ ಕಾಲದ ಜೊತೆ ಏನು ಮಾಡುತ್ತದೆಂಬ ಪ್ರಶ್ನೆಗೆ ಬೇರೆಯೇ ಉತ್ತರ ಸಿಗುತ್ತದೆ. ಶ್ರೀಮಂತನ ಕಾವಲುಭಟ ನೋಡುವ ಆ ಕೆಲವು ಕ್ಷಣಗಳ ಭವಿಷ್ಯಕ್ಕೆ ಯಾವುದೋ ಕೈದಿ ತನ್ನ ಬದುಕಿನ ಒಂದು ವಾರವನ್ನು ತೆತ್ತಿದ್ದಾನೆ.

ದೊರೆಯ ಯೌವನ

ಸಾಮ್ರಾಜ್ಯವನ್ನು ಸಾವಿರ ವರ್ಷ ಆಳಿದ ‘ಲಾರ್ಡ್ ರೂಲರ್’ ಮುದುಕನಾಗಲೇ ಇಲ್ಲ. ಜನ ಅವನನ್ನು ದೇವರೆಂದೇ ನಂಬಿದ್ದರು. ಆ ಲೋಕದಲ್ಲಿ ಲೋಹದೊಳಗೆ ದೇಹದ ಗುಣಗಳನ್ನು ಕೂಡಿಡುವ ಇನ್ನೊಂದು ವಿದ್ಯೆಯೂ ಇದೆ, ಏಟಿಯಮ್‌ನಲ್ಲಿ ಕೂಡಿಡಬಹುದಾದದ್ದು ವಯಸ್ಸು. ಈಗ ಸ್ವಲ್ಪ ಹೊತ್ತು ಮುದುಕನಾಗಿದ್ದರೆ ಅಷ್ಟೇ ಯೌವನ ಮುಂದಕ್ಕೆ ಸಿಗುತ್ತದೆ. ಎರಡೂ ವಿದ್ಯೆ ಬಲ್ಲ ದೊರೆ, ಯೌವನ ತುಂಬಿದ ಲೋಹವನ್ನೇ ಉರಿಸಿ ಅದನ್ನು ಹಲವು ಪಟ್ಟು ಹೆಚ್ಚಿಸಿಕೊಂಡ. ಜೊತೆಗೆ, ಶ್ರೀಮಂತ ಮನೆತನಗಳಿಗೆ ಮಣಿಗಳನ್ನು ಅಳೆದು ತೂಗಿ ಮಾರಿ ಅವರನ್ನೂ ಅಂಕೆಯಲ್ಲಿಟ್ಟ. ಕಡೆಗೆ ಆ ಯೌವನ ತುಂಬಿಟ್ಟಿದ್ದ ಅವನ ಕೈಗಡಗಳನ್ನು ಕಿತ್ತು ಎಸೆದವಳು ಕಳ್ಳರ ನಡುವೆ ಬೆಳೆದ ವಿನ್ ಎಂಬ ಹುಡುಗಿ. ಅವು ಹೋದದ್ದೇ ತಡ, ಸಾವಿರ ವರ್ಷದ ಮುಪ್ಪು ಒಮ್ಮೆಲೇ ಅವನ ಮೇಲೆರಗಿತು.

ಇದೇ ವಿನ್ ಎರಡನೆಯ ಸಂಪುಟದಲ್ಲಿ ಜೇನ್ ಎಂಬ ಹಂತಕನನ್ನು ಎದುರಿಸುತ್ತಾಳೆ. ಅವನ ಬಳಿ ಏಟಿಯಮ್ ಇದೆ, ಅವಳ ಬಳಿ ಇಲ್ಲ. ತಾನಿನ್ನೂ ಬೀಸದ ಹೊಡೆತವನ್ನು ತಡೆಯಲು ಅವನ ಮೈ ಆಗಲೇ ಹೊರಳುವುದನ್ನು ಅವಳು ಗಮನಿಸುತ್ತಾಳೆ. ತನ್ನ ಭವಿಷ್ಯವನ್ನು ಅವನ ಚಲನೆಯಲ್ಲೇ ಓದಿಕೊಂಡು, ಕೊನೆಗಳಿಗೆಯಲ್ಲಿ ಹೊಡೆತ ಬದಲಿಸಿ ಗೆಲ್ಲುತ್ತಾಳೆ. ಕೊಂಡು ತಂದ ಭವಿಷ್ಯವನ್ನೂ ಮನುಷ್ಯರ ಜಾಣ್ಮೆ ಮೀರಬಲ್ಲದು ಎಂಬ ಭರವಸೆ ಈ ಪ್ರಸಂಗದ್ದು.

ಉರಿಸಿ ಮುಗಿಸಿದವರು

ಕೆಲ್ಸಿಯರ್ ಮತ್ತೆ ಹ್ಯಾತ್ಸಿನ್‌ಗೆ ಹೋಗಿ ಗಣಿಯ ಹರಳುಗಳನ್ನು ಪುಡಿಮಾಡುತ್ತಾನೆ. ಅವು ಮತ್ತೆ ಬೆಳೆಯಲು 300 ವರ್ಷ ಬೇಕು. ಹೆಂಡತಿಯನ್ನು ನುಂಗಿದ ಗಣಿಗೆ ಅವನು ಕೊಟ್ಟ ಶಿಕ್ಷೆಯದು, ಸಾಮ್ರಾಜ್ಯದ ಬೇರಿಗೆ ಹಾಕಿದ ಕೊಡಲಿಯೂ ಹೌದು. ಮೂರನೆಯ ಸಂಪುಟದಲ್ಲಿ ಏಟಿಯಮ್ ನಿಜಕ್ಕೂ ಏನೆಂದು ಬಯಲಾಗುತ್ತದೆ: ಅದು ವಿನಾಶದ ದೇವತೆಯೊಂದರ ದೇಹ. ದೊರೆ ಬಚ್ಚಿಟ್ಟಿದ್ದ ರಾಶಿ ಆ ದೇವತೆಯ ಕೈಸೇರಿದರೆ ಲೋಕ ಉಳಿಯುವುದಿಲ್ಲ. ಆಗ ಅದನ್ನು ನುಂಗಿ, ಉರಿಸುತ್ತ, ರಕ್ಕಸಪಡೆಯೊಡನೆ ಕಾದಾಡಿ ಕೊನೆಯ ಮಣಿಯವರೆಗೂ ಮುಗಿಸುವವರು ಸಾಮಾನ್ಯ ಸೈನಿಕರು. ಶತಮಾನಗಳ ಕಾಲ ಅರಮನೆಗಳ ಸೊತ್ತಾಗಿದ್ದ ಲೋಹ ಹೀಗೆ ಹೆಸರಿಲ್ಲದ ಕಾಲಾಳುಗಳಿಂದ ಇಲ್ಲವಾಗುತ್ತದೆ.

ಕಾಲವನ್ನು ಮಣಿಸುವ ಕಲ್ಲು, ಮಂತ್ರದ ಹರಳು, ಅಮರತ್ವದ ಅದಿರು ಫ್ಯಾಂಟಸಿಯಲ್ಲಿ ಬೇಕಾದಷ್ಟಿವೆ. ಬಹುಪಾಲು ಕಥೆಗಳು ಅದು ಯಾರ ಕೈಸೇರಿತು ಎಂದು ಕೇಳುತ್ತವೆ, ಯಾರ ಕೈ ಅಗೆಯಿತು ಎಂದು ಕೇಳುವುದಿಲ್ಲ. ಸ್ಯಾಂಡರ್ಸನ್ ಎರಡನ್ನೂ ಕೇಳಿದರು, ಅದಕ್ಕೇ ಏಟಿಯಮ್ ನಂಬುವಂತಿದೆ. ಕನ್ನಡದಲ್ಲಿ ಹೊಸ ಲೋಕ ಕಟ್ಟಲು ಹೊರಟಿರುವ ಯುವ ಲೇಖಕರು ಮಾಂತ್ರಿಕ ಅದಿರಿನ ಶಕ್ತಿಯನ್ನು ಬರೆಯುವ ಮೊದಲು ಅದರ ಗಣಿಯನ್ನು ಬರೆಯಲಿ, ಅಲ್ಲಿ ದುಡಿಯುವವರ ಕೂಲಿಯನ್ನು ಬರೆಯಲಿ. ಆ ಲೋಕದ ರಾಜಕೀಯ, ಹಸಿವು, ಬಂಡಾಯ ಎಲ್ಲವೂ ಆ ಗಣಿಯಿಂದಲೇ ಹುಟ್ಟಿಬರುತ್ತವೆ.