570 ಬಡಿತದ ಹಾಡಿಗೆ ಸೊನ್ನೆ ಕೊಟ್ಟವರು

2020ರ ಏಪ್ರಿಲ್. ರಾತ್ರಿ ಬುಲೆಟಿನ್ ಮುಗಿಸಿ, ಮೇಕಪ್ ಒರೆಸಿಕೊಂಡು, ಗಾಜಿಗೆ 'ಪ್ರೆಸ್' ಅಂತ ಚೀಟಿ ಅಂಟಿಸಿದ ಕಾರಿನಲ್ಲಿ ಮನೆಗೆ ಹೊರಟರೆ ಬೆಂಗಳೂರಿನ ರಸ್ತೆಯಲ್ಲಿ ನರಪಿಳ್ಳೆ ಇಲ್ಲ. ಒಂದು ಗಂಟೆ ತಿನ್ನುವ ದಾರಿ ಹದಿನೈದು ನಿಮಿಷಕ್ಕೆ ಮುಗೀತಿತ್ತು. ನಿಲ್ಲೋಕೆ ಗಾಡಿ ಇಲ್ಲ, ಹೋಗೋಕೂ ಗಾಡಿ ಇಲ್ಲ, ಆದ್ರೂ ಸಿಗ್ನಲ್ ದೀಪಗಳು ತಮ್ಮ ಪಾಡಿಗೆ ಕೆಂಪಾಗಿ, ಹಸಿರಾಗಿ ಡ್ಯೂಟಿ ಮಾಡ್ತಾ ಇದ್ವು. ಆ ದಿನಗಳಲ್ಲಿ ನನ್ನ ಕಾರಿನಲ್ಲಿ ಮತ್ತೆ ಮತ್ತೆ ಕೇಳಿಸಿದ್ದು ಒಂದೇ ಹಾಡು. ದಿ ವೀಕೆಂಡ್ ಅನ್ನೋ ಹೆಸರಿನ ಕೆನಡಾದ ಗಾಯಕನ 'ಬ್ಲೈಂಡಿಂಗ್ ಲೈಟ್ಸ್'. ಖಾಲಿ ಊರು, ರಾತ್ರಿ, ಕಣ್ಣು ಕುಕ್ಕುವ ಬೀದಿ ದೀಪ, ಯಾರನ್ನೋ ನೋಡಲೇಬೇಕು ಅಂತ ಗಾಡಿ ಓಡಿಸ್ತಾ ಇರೋ ಒಬ್ಬ ಒಂಟಿ ಮನುಷ್ಯ. ಇಷ್ಟೇ ಹಾಡು. ಲಾಕ್‌ಡೌನ್ ನೋಡಿ ಬರೆದದ್ದಲ್ಲ ರೀ. ಅದು ಬಿಡುಗಡೆಯಾಗಿದ್ದು 2019ರ ನವೆಂಬರ್ 29ಕ್ಕೆ. ಅದಕ್ಕೂ ಮೊದಲು ಜನರ ಕಿವಿಗೆ ಬಿದ್ದಿದ್ದು ಮರ್ಸಿಡಿಸ್ ಬೆಂಜ್ ಕಾರಿನ ಜಾಹೀರಾತಿನಲ್ಲಿ!

ಇವತ್ತು ಈ ಹಾಡಿನ ಬಗ್ಗೆ ಯಾಕೆ ಮಾತಾಡ್ತಿದ್ದೀನಿ? ಯಾಕಂದ್ರೆ ಜಗತ್ತು ತಲೆ ಮೇಲೆ ಹೊತ್ತು ಕುಣಿದ ಹಾಡಿಗೆ ಒಂದು ಮುಚ್ಚಿದ ಬಾಗಿಲಿನ ವ್ಯವಸ್ಥೆ ಸೊನ್ನೆ ಕೊಟ್ಟ ಕಥೆ ಇದು. ಕಥೆಗೆ ಬರ್ತೀನಿ. ಮೊದಲು ಈ ಹಾಡು ಯಾಕೆ ಹಾಗೆ ಕೇಳಿಸುತ್ತೆ ಅಂತ ನೋಡೋಣ. ಸ್ವಲ್ಪ ಇಂಜಿನಿಯರಿಂಗ್ ಇದೆ, ಹೆದರಬೇಡಿ.

ಸಿಂಥ್ ಪಾಪ್ ಅಂದ್ರೆ ಸಿಂಥಸೈಜರ್ ಮೇಲೆ ಕಟ್ಟಿದ ಪಾಪ್ ಸಂಗೀತ. ವೀಣೆಯಲ್ಲಿ ತಂತಿ ಕಂಪಿಸುತ್ತೆ, ಕೊಳಲಲ್ಲಿ ಗಾಳಿ. ಹಳೆಯ ಅನಲಾಗ್ ಸಿಂಥಸೈಜರ್‌ನಲ್ಲಿ ಕಂಪಿಸೋದು ವಿದ್ಯುತ್ತಿನ ವೋಲ್ಟೇಜು. ನಾನು ಎಲೆಕ್ಟ್ರಾನಿಕ್ಸ್ ಓದುವಾಗ ಲ್ಯಾಬ್‌ನಲ್ಲಿ 555 ಟೈಮರ್ ಐಸಿ ಇಟ್ಟು ಒಂದು ಆಸಿಲೇಟರ್ ಮಾಡಿದ್ವಿ. ಸಿಆರ್‌ಒ ಪರದೆ ಮೇಲೆ ಅಲೆ ಬಂದರೆ ಸಾಕಿತ್ತು, ಮಾರ್ಕ್ಸ್ ಸಿಗ್ತಿತ್ತು. ನನ್ನ ಬ್ಯಾಚ್‌ನವನೊಬ್ಬ ಅದಕ್ಕೆ ಸ್ಪೀಕರ್ ಸಿಕ್ಕಿಸಿದ. ಕಿವಿ ಹರಿದುಹೋಗುವಂಥ ಕೀರಲು ಶಬ್ದ! ಮೇಷ್ಟ್ರು ಇಬ್ಬರನ್ನೂ ಆಚೆ ನಿಲ್ಲಿಸಿದರು. ಆಗ ಗೊತ್ತಿರಲಿಲ್ಲ, ಒಂದು ಸಿಂಥಸೈಜರ್‌ನ ಅರ್ಧ ಕೆಲಸ ನಾವು ಮಾಡಿ ಮುಗಿಸಿದ್ವಿ ಅಂತ.

ಉಳಿದ ಅರ್ಧ ಕೆಲಸ ಫಿಲ್ಟರ್‌ನದು. ಗರಗಸದ ಹಲ್ಲಿನ ಆಕಾರದ ಅಲೆ ಅಂತ ಒಂದಿದೆ. ಅದರಲ್ಲಿ ಮೂಲ ಸ್ವರದ ಜೊತೆಗೆ ಅದರ ಎರಡರಷ್ಟು, ಮೂರರಷ್ಟು, ನಾಲ್ಕರಷ್ಟು ಹೀಗೆ ಎಲ್ಲ ಕಂಪನಗಳೂ ತುಂಬಿಕೊಂಡಿರ್ತವೆ. ಹಾಗೇ ಬಿಟ್ಟರೆ ಕರ್ಕಶ. ಫಿಲ್ಟರ್ ಅದನ್ನ ಹಿಟ್ಟು ಜರಡಿ ಹಿಡಿದ ಹಾಗೆ ಸೋಸುತ್ತೆ, ಮೇಲಿನ ಕಂಪನಗಳನ್ನ ತಡೆದು ಕೆಳಗಿನದ್ದನ್ನ ಬಿಡುತ್ತೆ. ಆಗ ಅದೇ ಕೀರಲು ಶಬ್ದ ಬೆಚ್ಚಗೆ, ದುಂಡಗೆ ಕೇಳಿಸುತ್ತೆ. ನಮ್ಮೂರ ಗಣೇಶನ ಆರ್ಕೆಸ್ಟ್ರಾದಲ್ಲಿ ಕೀಬೋರ್ಡ್‌ನವನು ಒಂದೇ ಪೆಟ್ಟಿಗೆಯಿಂದ ಪಿಟೀಲು, ಶಹನಾಯಿ ಎಲ್ಲಾ ಹೊರಡಿಸ್ತಿದ್ದನಲ್ಲ, ಅದೂ ಇದೇ ಮನೆತನದ ವಾದ್ಯವೇ.

1980ರ ದಶಕದ ಸದ್ದಿಗೆ ಇನ್ನೊಂದು ಗುರುತಿದೆ, ಡ್ರಮ್. 1979ರಲ್ಲಿ ಲಂಡನ್ನಿನ ಟೌನ್‌ಹೌಸ್ ಸ್ಟುಡಿಯೋದಲ್ಲಿ ಪೀಟರ್ ಗೇಬ್ರಿಯಲ್‌ನ ಆಲ್ಬಂಗೆ ಫಿಲ್ ಕಾಲಿನ್ಸ್ ಡ್ರಮ್ ಬಾರಿಸ್ತಾ ಇದ್ದಾಗ ಸೌಂಡ್ ಇಂಜಿನಿಯರ್ ಹ್ಯೂ ಪ್ಯಾಡ್ಗಮ್ ಒಂದು ಹೊಸ ಸದ್ದಿಗೆ ದಾರಿ ಮಾಡಿದ. ಅದರ ಹೆಸರು ಗೇಟೆಡ್ ರಿವರ್ಬ್. ಖಾಲಿ ಕಲ್ಯಾಣ ಮಂಟಪದಲ್ಲಿ ಚಪ್ಪಾಳೆ ತಟ್ಟಿ. ಮಾರ್ದನಿ ನಿಧಾನಕ್ಕೆ ಕರಗುತ್ತೆ, ಅಲ್ವಾ? ಆ ಮಾರ್ದನಿ ಜೋರಾಗಿರುವಾಗಲೇ ಯಾರೋ ದಢಾರಂತ ಬಾಗಿಲು ಹಾಕಿ ಸದ್ದನ್ನ ಕತ್ತರಿಸಿದರೆ ಹೇಗಿರುತ್ತೆ? ಅದೇ ಇದು. ಮುಂದಿನ ಹತ್ತು ವರ್ಷ ಪಾಶ್ಚಾತ್ಯ ಪಾಪ್‌ನಲ್ಲಿ ಎಲ್ಲೆಲ್ಲೂ ಆ ಸದ್ದೇ.

ಬ್ಲೈಂಡಿಂಗ್ ಲೈಟ್ಸ್ ಈ ಹಳೇ ಸಾಮಾನುಗಳನ್ನೆಲ್ಲ ಅಟ್ಟದಿಂದ ಇಳಿಸಿತು. ಆದರೆ ಧೂಳು ಹೊಡೆದು ಹಾಗೇ ಇಟ್ಟಿದ್ದಲ್ಲ. ಸ್ವೀಡನ್ನಿನ ಮ್ಯಾಕ್ಸ್ ಮಾರ್ಟಿನ್ ಮತ್ತು ಆಸ್ಕರ್ ಹೋಲ್ಟರ್ ವೀಕೆಂಡ್ ಜೊತೆ ಸೇರಿ ನಿರ್ಮಿಸಿದ ಈ ಹಾಡಿನ ವೇಗ ನಿಮಿಷಕ್ಕೆ 171 ಬಡಿತ. ಅವಧಿ 200 ಸೆಕೆಂಡು. ಲೆಕ್ಕ ಹಾಕಿದರೆ 570 ಬಡಿತ. ಆರಾಮಾಗಿ ಕೂತ ಮನುಷ್ಯನ ಎದೆ ಬಡಿತಕ್ಕಿಂತ ಎರಡು ಪಟ್ಟು ಜೋರು. ನಾರ್ವೆಯ ಆಹಾ ತಂಡ 1985ರಲ್ಲಿ ಅಮೆರಿಕದ ಪಟ್ಟಿಯ ತುದಿ ಮುಟ್ಟಿಸಿದ 'ಟೇಕ್ ಆನ್ ಮಿ' ಕೂಡ ಹೆಚ್ಚುಕಮ್ಮಿ ಇದೇ ಓಟದ ಹಾಡು, ಹಾಗಾಗಿ ಕೇಳಿದ ತಕ್ಷಣ ಬಹಳ ಜನಕ್ಕೆ ಅದೇ ನೆನಪಾಯ್ತು. ಕಾಲು ಕುಣೀತಿರುತ್ತೆ, ಆದರೆ ಮೇಲಿನ ದನಿ ನೋವಿನದು. ನನ್ನ ಪ್ರಕಾರ ಹಾಡಿನ ಗುಟ್ಟು ಇರೋದು ಹಳೇ ಸಿಂಥಸೈಜರ್‌ನಲ್ಲಲ್ಲ, ಈ ತಾಳ ಮತ್ತು ದನಿಯ ಜಗಳದಲ್ಲಿ.

ಇನ್ನೊಂದು ತಮಾಷೆ ನೋಡಿ. ಹಾಡಿದ ಏಬಲ್ ಟೆಸ್ಫಾಯೆ ಹುಟ್ಟಿದ್ದು 1990ರಲ್ಲಿ, ಟೊರಾಂಟೊದಲ್ಲಿ, ಇಥಿಯೋಪಿಯಾದಿಂದ ವಲಸೆ ಬಂದ ಕುಟುಂಬದಲ್ಲಿ. ಅಂದ್ರೆ 80ರ ದಶಕವನ್ನ ಈತ ನೋಡೇ ಇಲ್ಲ. ತಾನು ಬದುಕದ ಕಾಲಕ್ಕೆ ಹಂಬಲಿಸೋದು ನಮ್ಮ ತಲೆಮಾರಿನ ಕಾಯಿಲೆ ಇರಬೇಕು. ನನಗೂ ಇದೆ. ನಾನು ಹುಟ್ಟೋಕೆ ಮುಂಚಿನ ಶಂಕರ್‌ನಾಗ್ 'ಗೀತಾ' ಚಿತ್ರದ ಹಾಡು ಬಂದರೆ, ನನ್ನದೇ ಕಾಲೇಜು ದಿನ ನೆನಪಾದ ಹಾಗೆ ಎದೆ ಭಾರವಾಗುತ್ತೆ.

ಈಗ ಅಂಕಿ ಅಂಶ. ಅಮೆರಿಕದ ಬಿಲ್‌ಬೋರ್ಡ್ ಹಾಟ್ 100 ಪಟ್ಟಿಯಲ್ಲಿ ಈ ಹಾಡು ಮೊದಲ ಸ್ಥಾನಕ್ಕೆ ಬಂದಿದ್ದು 2020ರ ಏಪ್ರಿಲ್ 4ರ ಪಟ್ಟಿಯಲ್ಲಿ. ಅಲ್ಲಿದ್ದದ್ದು ಬಿಟ್ಟು ಬಿಟ್ಟು 4 ವಾರ ಮಾತ್ರ. ಆದರೆ ಮೊದಲ ಹತ್ತರೊಳಗೆ ಇದ್ದಿದ್ದು 57 ವಾರ! ಪಟ್ಟಿಯಲ್ಲಿ ಒಟ್ಟು 90 ವಾರ. ಅದೇ ಹೊತ್ತಿಗೆ ಟಿಕ್‌ಟಾಕ್‌ನಲ್ಲಿ ಮನೆಯೊಳಗೆ ಸಿಕ್ಕಿಕೊಂಡ ಕುಟುಂಬಗಳು, ಆಸ್ಪತ್ರೆ ಸಿಬ್ಬಂದಿ ಎಲ್ಲ ಈ ಹಾಡಿಗೆ ಹೆಜ್ಜೆ ಹಾಕ್ತಾ ಇದ್ರು. ನಮ್ಮ ಮೊಬೈಲ್‌ಗೂ ಬಂದಿತ್ತು, ಜೂನ್ 29ಕ್ಕೆ ಸರ್ಕಾರ ಆ ಆ್ಯಪ್ ನಿಷೇಧಿಸೋ ತನಕ. 2021ರ ನವೆಂಬರ್‌ನಲ್ಲಿ ಬಿಲ್‌ಬೋರ್ಡ್ ತನ್ನ ಹಾಟ್ 100 ಇತಿಹಾಸದ ಅತಿ ದೊಡ್ಡ ಹಾಡು ಇದೇ ಅಂತ ಘೋಷಿಸ್ತು. ಆ ಪಟ್ಟ ಅಲ್ಲಿಯವರೆಗೂ ಇದ್ದದ್ದು 1960ರ ದಶಕದ ಚಬ್ಬಿ ಚೆಕರ್‌ನ 'ದಿ ಟ್ವಿಸ್ಟ್' ಹಾಡಿಗೆ.

ಇಂಥ ಹಾಡಿಗೆ ಗ್ರ್ಯಾಮಿ ಕೊಟ್ಟಿದ್ದೇನು? 2020ರ ನವೆಂಬರ್ 24ರಂದು ನಾಮನಿರ್ದೇಶನದ ಪಟ್ಟಿ ಬಂತು. ಹಾಡಿಗೂ ಇಲ್ಲ, 'ಆಫ್ಟರ್ ಅವರ್ಸ್' ಆಲ್ಬಂಗೂ ಇಲ್ಲ. ಯಾವ ವಿಭಾಗದಲ್ಲೂ ಒಂದೂ ಇಲ್ಲ. ಪ್ರಶಸ್ತಿ ಸಿಗದಿರೋದು ಬೇರೆ ವಿಷಯ, ಪರೀಕ್ಷೆ ಹಾಲ್‌ಗೇ ಬಿಡಲಿಲ್ಲ ಅಂದ್ರೆ? ಹಳೇ ಶೈಲಿ ಅನ್ನೋದು ಕಾರಣವಾ? ಅಲ್ಲ. ಅದೇ ಸಾಲಿನಲ್ಲಿ 70, 80ರ ದಶಕದ ಡಿಸ್ಕೊ ಸದ್ದಿನ ಮೇಲೆ ನಿಂತ ದುವಾ ಲಿಪಾ ಆಲ್ಬಂ ನಾಮನಿರ್ದೇಶನಗೊಂಡಿತ್ತು, ಪ್ರಶಸ್ತಿಯನ್ನೂ ಗೆದ್ದಿತು.

ಆಗಿನ ವ್ಯವಸ್ಥೆ ಹೀಗಿತ್ತು. ಅಕಾಡೆಮಿಯ ಸಾವಿರಾರು ಸದಸ್ಯರು ಮತ ಹಾಕ್ತಾರೆ. ವರ್ಷದ ಆಲ್ಬಂ, ವರ್ಷದ ಹಾಡು ಇಂಥ ದೊಡ್ಡ ವಿಭಾಗಗಳಲ್ಲಿ ಹೆಚ್ಚು ಮತ ಪಡೆದ ಮೊದಲ 20 ಹೆಸರುಗಳು ಒಂದು ಪರಿಶೀಲನಾ ಸಮಿತಿ ಮುಂದೆ ಹೋಗ್ತವೆ. ಅವರು ಅದರಲ್ಲಿ 8 ಆರಿಸ್ತಾರೆ. ಸಮಿತಿಯಲ್ಲಿ ಯಾರಿದ್ದಾರೆ? ರಹಸ್ಯ. ಹೆಸರು ಗೊತ್ತಾದರೆ ಲಾಬಿ ಶುರುವಾಗುತ್ತೆ ಅನ್ನೋ ವಾದ. ಈ ವಾದವನ್ನ ಪೂರ್ತಿ ತಳ್ಳಿಹಾಕೋಕೆ ನನಗೆ ಆಗಲ್ಲ, ಯಾಕಂದ್ರೆ ನಾನು ಅನ್ನ ತಿನ್ನೋದು ಟಿಆರ್‌ಪಿ ಪೆಟ್ಟಿಗೆ ಯಾರ ಮನೇಲಿದೆ ಅಂತ ಗುಟ್ಟಾಗಿಡೋ ವ್ಯವಸ್ಥೆಯಲ್ಲಿ. ಅದೇ ಅಕ್ಟೋಬರ್‌ನಲ್ಲಿ ಟಿಆರ್‌ಪಿ ತಿರುಚಿದ ಆರೋಪ ಬಂದು ಬಾರ್ಕ್ ಸಂಸ್ಥೆ ನ್ಯೂಸ್ ಚಾನೆಲ್‌ಗಳ ರೇಟಿಂಗನ್ನೇ ನಿಲ್ಲಿಸಿತ್ತು. ಆದರೆ ಒಂದು ವ್ಯತ್ಯಾಸ ಇದೆ. ಪೆಟ್ಟಿಗೆ ಇರೋ ಮನೆಯವರು ನೋಡ್ತಾರೆ ಅಷ್ಟೇ, ಬೇರೆಯವರು ನೋಡಿದ್ದನ್ನ ಅಳಿಸಲ್ಲ. ಗ್ರ್ಯಾಮಿ ಸಮಿತಿಗೆ ಮತದಾನದಲ್ಲಿ ಮುಂದಿದ್ದವರನ್ನೂ ಕೈಬಿಡುವ ಅಧಿಕಾರ ಇತ್ತು.

ಇನ್ನೊಂದು ಗುಮಾನಿಯೂ ಹರಡಿತ್ತು. 2021ರ ಫೆಬ್ರವರಿ 7ರ ಸೂಪರ್ ಬೌಲ್ ವೇದಿಕೆಯಲ್ಲಿ ಹಾಡೋಕೆ ಈತ ಒಪ್ಪಿದ್ದಕ್ಕೇ ಗ್ರ್ಯಾಮಿಯವರು ಸೇಡು ತೀರಿಸಿಕೊಂಡ್ರು ಅಂತ. ಅಕಾಡೆಮಿ ಮುಖ್ಯಸ್ಥ ಹಾರ್ವೆ ಮೇಸನ್ ಜೂನಿಯರ್ ಇದನ್ನ ನಿರಾಕರಿಸಿದರು. ಸೂಪರ್ ಬೌಲ್ ಘೋಷಣೆಗೂ ಮೊದಲೇ ಮತದಾನ ಮುಗಿದಿತ್ತು ಅನ್ನೋದು ಅವರ ಉತ್ತರ. ಅದು ನಿಜವೇ ಇರಬಹುದು. ಆದರೆ ಸಮಿತಿಯ ಹೆಸರೇ ಹೇಳದವರು ಕೊಟ್ಟ ಉತ್ತರವನ್ನ ಪರಿಶೀಲಿಸೋದಾದ್ರೂ ಹೇಗೆ? ಇಲ್ಲೇ ನೋಡಿ ಸಮಸ್ಯೆ. ಗುಟ್ಟು ಮಾಡಿದವನು ಸತ್ಯ ಹೇಳಿದರೂ ನಂಬೋರಿಲ್ಲ.

2021ರ ಮಾರ್ಚ್‌ನಲ್ಲಿ ವೀಕೆಂಡ್ ಇನ್ನು ಮುಂದೆ ತನ್ನ ಹಾಡುಗಳನ್ನ ಗ್ರ್ಯಾಮಿಗೆ ಕಳಿಸೋದೇ ಇಲ್ಲ ಅಂದ. ಕಾರಣ ಆ ರಹಸ್ಯ ಸಮಿತಿಗಳು. ಗಮನಿಸಿ, ಇದು ಪ್ರಶಸ್ತಿ ಕಾಣದವನ ಹೊಟ್ಟೆಯುರಿಯಲ್ಲ, ಅಷ್ಟರಲ್ಲಾಗಲೇ ಈತನ ಮನೆಯಲ್ಲಿ 3 ಗ್ರ್ಯಾಮಿ ಇದ್ವು. ಏಪ್ರಿಲ್ 30ಕ್ಕೆ ಅಕಾಡೆಮಿ ಆ ದೊಡ್ಡ ವಿಭಾಗಗಳೂ ಸೇರಿ ಬಹುತೇಕ ಕಡೆ ಪರಿಶೀಲನಾ ಸಮಿತಿಗಳನ್ನ ರದ್ದು ಮಾಡಿತು. ಇದೇ ಒಂದು ಹಾಡಿನಿಂದ ಆಯ್ತು ಅಂತ ನಾನು ಹೇಳಲ್ಲ. ಅಕಾಡೆಮಿಯ ಹಿಂದಿನ ಮುಖ್ಯಸ್ಥೆ ಡೆಬೋರಾ ಡುಗನ್ 2020ರ ಜನವರಿಯಲ್ಲೇ ಆಯ್ಕೆಯಲ್ಲಿ ಅಕ್ರಮ ಇದೆ ಅಂತ ದೂರಿದ್ದರು, ಅಕಾಡೆಮಿ ಅಲ್ಲಗಳೆದಿತ್ತು. ಆದರೆ ದೂರಿನ ಕಾಗದ ಮಾಡದ ಕೆಲಸವನ್ನ ಊರಿಗೆಲ್ಲ ಬಾಯಿಪಾಠವಾಗಿದ್ದ ಹಾಡು ಮಾಡ್ತು.

2025ರ ಫೆಬ್ರವರಿ 2ರಂದು ವೀಕೆಂಡ್ ಮತ್ತೆ ಗ್ರ್ಯಾಮಿ ವೇದಿಕೆ ಹತ್ತಿದ. ಅದಕ್ಕೂ ಮುಂಚೆ ಮೈಕ್ ಹಿಡಿದು, ಅಕಾಡೆಮಿ ಏನೇನು ಬದಲಾಯಿಸಿಕೊಂಡಿದೆ ಅಂತ ಸಭೆಗೆ ವಿವರಿಸಿ ಆತನನ್ನ ಬರಮಾಡಿಕೊಂಡವರು ಅದೇ ಹಾರ್ವೆ ಮೇಸನ್. ಆ ರಾತ್ರಿ ಆತ ಹಾಡಿದ್ದು ಎರಡು ದಿನದ ಹಿಂದಷ್ಟೇ ಬಂದ ಆಲ್ಬಂನ ಹೊಸ ಹಾಡುಗಳನ್ನ. ಬ್ಲೈಂಡಿಂಗ್ ಲೈಟ್ಸ್ ಹಾಡಲಿಲ್ಲ. ಅಷ್ಟು ಹೊತ್ತಿಗೆ ಸ್ಪಾಟಿಫೈನಲ್ಲಿ ಅದನ್ನ ಜನ 400 ಕೋಟಿಗೂ ಹೆಚ್ಚು ಸಲ ಕೇಳಿ ಆಗಿತ್ತು. ಗ್ರ್ಯಾಮಿಯ ಕಡತದಲ್ಲಿ ಆ ಹಾಡಿನ ನಾಮನಿರ್ದೇಶನಗಳ ಸಂಖ್ಯೆ ಇವತ್ತಿಗೂ 0.