ಚಿತ್ರದ ಬೆನ್ನಿನ ಬರಹ

ನಮ್ಮ ಮನೆಯ ಹಳೆಯ ಭಾವಚಿತ್ರಗಳನ್ನು ತಿರುವಿ ನೋಡಿದರೆ ಬೆನ್ನಿನ ಮೇಲೆ ತಂದೆಯವರ ಕೈಬರಹ ಕಾಣುತ್ತದೆ: ‘ತರೀಕೆರೆ, ಮದುವೆಯ ಮಾರನೆಯ ದಿನ’ ಎಂದೋ, ‘ಅಜ್ಜಂಪುರದ ಸ್ಟೇಷನ್ನಿನಲ್ಲಿ’ ಎಂದೋ. ಬರೆಯುವುದೂ ಬಿಡುವುದೂ ಅವರ ಇಚ್ಛೆಗೆ ಸೇರಿದ್ದಿತು. ಇಂದಿನ ಚಿತ್ರಕ್ಕೂ ಬೆನ್ನಿನ ಬರಹವುಂಟು. ಆದರೆ ಬರೆಯುವವರು ನಾವಲ್ಲ.

ಮೈಸೂರು ಅರಸರ ಕಾಲದಲ್ಲಿ ಅಮೃತಮಹಲ್ ರಾಸುಗಳಿಗೆಂದು ಮೀಸಲಾದ ಕಾವಲುಗಳು ಕಡೂರು, ತರೀಕೆರೆ, ಅಜ್ಜಂಪುರಗಳ ಸೀಮೆಯಲ್ಲಿ ಇಂದಿಗೂ ಅಷ್ಟಿಷ್ಟು ಉಳಿದಿವೆ. ಅವುಗಳಲ್ಲಿ ಬಾಸೂರು ಕಾವಲು 2011ರಲ್ಲಿ ಸಂರಕ್ಷಣಾ ಮೀಸಲು ಪ್ರದೇಶವಾಯಿತು. ಕೃಷ್ಣಮೃಗ, ತೋಳಗಳಿಗೆ ಈ ಬಯಲೇ ಮನೆ. ಇಂಥದೊಂದು ಕಾವಲಿನಲ್ಲಿ (ಯಾವುದೆಂದು ಹೇಳಲಾರೆ, ಕಾರಣ ಮುಂದೆ ತಿಳಿದೀತು) ಬಿಲದ ಬಾಯಲ್ಲಿ ಆಡುತ್ತಿದ್ದ ಮೂರು ತೋಳದ ಮರಿಗಳನ್ನು ನನ್ನ ಸೋದರಳಿಯ ಪೊದೆಯ ಮರೆಯಿಂದ ಮೊಬೈಲಿನಲ್ಲಿ ಸೆರೆಹಿಡಿದ.

ಆ ರಾತ್ರಿಯೇ ಚಿತ್ರವನ್ನು ಹತ್ತಾರು ಗೆಳೆಯರಿಗೆ ಈಮೇಲಿನಲ್ಲಿ ಕಳುಹಿಸಲು ಹೊರಟಾಗ, ನನ್ನ ಮಗಳು ತಡೆದಳು. ಕಂಪ್ಯೂಟರಿನಲ್ಲಿ ಅದರ ವಿವರಗಳನ್ನು ತೆರೆದು ತೋರಿಸಿದಳು. ದಿನಾಂಕ, ಗಳಿಗೆ, ಮೊಬೈಲಿನ ಹೆಸರು, ಕೊನೆಗೆ ಅಕ್ಷಾಂಶ ರೇಖಾಂಶಗಳ ಅಂಕಿಗಳು! ಅವನ್ನು ಭೂಪಟಕ್ಕೆ ಕೊಟ್ಟೊಡನೆ ಗುರುತು ನಾವು ಕುಳಿತಿದ್ದ ಪೊದೆಯ ಬಳಿಯೇ ಬಂದು ನಿಂತಿತು. ನನ್ನ ಎದೆ ಝಲ್ಲೆಂದಿತು. ಕುರಿ ಕಳೆದುಕೊಂಡ ಕುರಿಗಾಹಿಯ ಕೋಪವನ್ನು ನಾನು ಹಳಿಯಲಾರೆ. ಆದರೆ ಆ ಕೋಪಕ್ಕೆ ದಾರಿ ತೋರುವ ಕೆಲಸ ನಮ್ಮದಾಗಬಾರದಷ್ಟೆ.

ಈ ಬರಹಕ್ಕೆ ‘ಎಕ್ಸಿಫ್’ ಎಂದು ಹೆಸರು. 1995ರಲ್ಲಿ ಜಪಾನಿನಲ್ಲಿ ರೂಪುಗೊಂಡ ಪದ್ಧತಿಯಿದು. ಯಾವ ಬೆಳಕಿನಲ್ಲಿ, ಎಷ್ಟು ವೇಗದಲ್ಲಿ ಚಿತ್ರ ತೆಗೆದದ್ದೆಂಬುದು ನೆನಪಿರಲೆಂಬ ಸದುದ್ದೇಶ ಅದಕ್ಕಿದೆ. ಆದರೆ ನೆನಪು ಚಾಡಿಯೂ ಆಗಬಲ್ಲುದು. 2012ರಲ್ಲಿ ತಲೆಮರೆಸಿಕೊಂಡಿದ್ದ ಜಾನ್ ಮೆಕಾಫೀ ಗ್ವಾಟೆಮಾಲಾದಲ್ಲಿರುವುದನ್ನು ಬಯಲುಮಾಡಿದುದು ಪತ್ರಿಕೆಯೊಂದು ಪ್ರಕಟಿಸಿದ ಅವರ ಚಿತ್ರದೊಳಗಿನ ಇಂಥ ಅಂಕಿಗಳೇ.

ಅಳಿಸುವುದು ಕಷ್ಟವಲ್ಲ. ‘ಜಿಂಪ್’ ಎಂಬ ಉಚಿತ ತಂತ್ರಾಂಶದಲ್ಲಿ ಚಿತ್ರವನ್ನು ತೆರೆದು, ‘ಎಕ್ಸ್‌ಪೋರ್ಟ್’ ಮಾಡುವಾಗ ಎಕ್ಸಿಫ್, ಎಕ್ಸ್‌ಎಂಪಿ, ಐಪಿಟಿಸಿ ಎಂಬವುಗಳ ಮುಂದಿನ ಗುರುತನ್ನು ತೆಗೆದು, ಹೊಸ ಹೆಸರಿನಲ್ಲಿ ಉಳಿಸಬೇಕು. ಅಳಿಯ ಹಾಗೆಯೇ ಮಾಡಿ ಗೆದ್ದೆನೆಂದು ನಕ್ಕ.

“ಆ ಗುಡ್ಡವನ್ನೇನು ಮಾಡುತ್ತೀ?” ಎಂದಳು ಮಗಳು. ಬಿಲದ ಹಿಂದೆ ಗುಡ್ಡ, ಅದರ ನೆತ್ತಿಯಲ್ಲೊಂದು ಗುಡಿ! ಸೀಮೆಯವರಾರಿಗೂ ಅಂಕಿಗಳು ಬೇಕಿರಲಿಲ್ಲ.

ಗುಡ್ಡವನ್ನು ಕತ್ತರಿಸಿ ಮತ್ತೆ ಮೊದಲಿನಿಂದ ತೊಡಗಿದೆವು. ಈ ಸಲ ‘ಥಂಬ್‌ನೇಲ್’ ಎಂಬ ಕಿರುಚಿತ್ರದ ಗುರುತನ್ನೂ ತೆಗೆಯಿಸಿದಳು. ಕತ್ತರಿಸಿದ ಭಾಗ ಕೆಲವೊಮ್ಮೆ ಅದರೊಳಗೆ ಉಳಿದಿರುವುದುಂಟಂತೆ. ವಾಟ್ಸಾಪಿನಲ್ಲಿ ಚಿತ್ರವಾಗಿ ಕಳುಹಿಸಿದರೆ ಈ ವಿವರ ಉದುರಿಹೋಗುತ್ತದೆ, ‘ಡಾಕ್ಯುಮೆಂಟ್’ ಆಗಿ ಕಳುಹಿಸಿದರೆ ಹಾಗೆಯೇ ಹೋಗುತ್ತದೆ ಎಂದೂ ಎಚ್ಚರಿಸಿದಳು. ಹೊಸ ಪ್ರತಿಯನ್ನು ಮತ್ತೊಮ್ಮೆ ತೆರೆದು ಪರೀಕ್ಷಿಸಿದ ಮೇಲೆಯೇ ಒಪ್ಪಿಗೆ ಕೊಟ್ಟಳು.

ಮೂಲಪ್ರತಿಯನ್ನು ಮಾತ್ರ ನಾವು ತಿದ್ದಲಿಲ್ಲ. ತೋಳಗಳನ್ನು ಅಭ್ಯಸಿಸುವವರಿಗೆ ಎಡೆ, ದಿನಗಳೇ ಜ್ಞಾನ; ಕೇಳುವವರನ್ನು ಅರಿತು ಕೊಡಬಹುದು. ಗೆಳೆಯರಿಗೆ ಹೋದ ಚಿತ್ರದಲ್ಲಿ ಒಣಹುಲ್ಲು, ಮೂರು ಮರಿಗಳು. ಅದನ್ನು ಕಂಡವರೆಲ್ಲ ಕೇಳಿದ್ದೊಂದೇ: “ಎಲ್ಲಿ ತೆಗೆದದ್ದು?” ಅಳಿಯನ ಉತ್ತರವೂ ಒಂದೇ: “ಕಾವಲಿನಲ್ಲಿ.”